ಬಾರಕೂರಿಗೆ ನಾನು ಗೈಡ್ ಆದ ಸಂಜೆ

"ನಿಮ್ಮೂರಾಗ ನೋಡಾಕ ಏನೈತಿ ಹೇಳಲೇ?"

ಮೂರನೇ ಸೆಮಿಸ್ಟರ್‌ನಿಂದ ನನ್ನ ಹಾಸ್ಟೆಲ್ ರೂಮ್‌ಮೇಟ್ ಕೇಳುತ್ತಲೇ ಬಂದ ಪ್ರಶ್ನೆ ಇದು. ಅವನ ಊರು ವಿಜಯಪುರ. ಗೋಳಗುಮ್ಮಟದ ಒಳಗೆ ಒಂದೇ ಒಂದು ಕಂಬ ಇಲ್ಲ, ಮೇಲಿನ ಗ್ಯಾಲರಿಯಲ್ಲಿ ಪಿಸುಗುಟ್ಟಿದರೆ ಎದುರು ಬದಿಯಲ್ಲಿ ಕೇಳಿಸುತ್ತದೆ, ಅದು ಮಹಮ್ಮದ್ ಆದಿಲ್ ಷಾನ ಗೋರಿ... ನಡುರಾತ್ರಿ ಎಬ್ಬಿಸಿ ಕೇಳಿದರೂ ಒಪ್ಪಿಸಿಬಿಡುತ್ತಾನೆ. ನಾನು ಕೋಟದವನು. "ಬೀಚ್ ಇದೆ, ಶಿವರಾಮ ಕಾರಂತರು ಹುಟ್ಟಿದ ಊರು, ಅವರ ಹೆಸರಿನ ಥೀಮ್ ಪಾರ್ಕ್ ಇದೆ, ಅಮೃತೇಶ್ವರಿ ದೇವಸ್ಥಾನ ಇದೆ" ಅನ್ನುವಷ್ಟರಲ್ಲಿ ನನ್ನ ಸ್ಟಾಕ್ ಖಾಲಿ. ಕಾರಂತರ ಬಗ್ಗೆ ಇನ್ನೂ ನಾಲ್ಕು ಮಾತು ಹೇಳು ಅಂದರೆ ಜ್ಞಾನಪೀಠದ ವರ್ಷ ನೆನಪಿಸಿಕೊಳ್ಳಲು ಮೊಬೈಲ್ ತೆಗೆಯಬೇಕು.

ಒಂದು ಶನಿವಾರ ರಾತ್ರಿ ನಾವೆಲ್ಲ ಲ್ಯಾಪ್‌ಟಾಪ್ ಮುಂದೆ ಕುಳಿತು 'ಕೊಕೊ' ಸಿನಿಮಾ ನೋಡಿದೆವು. 2017ರ ಅನಿಮೇಷನ್ ಚಿತ್ರ. ಅದರಲ್ಲಿ ಸತ್ತವರ ಲೋಕದ ಬಣ್ಣಬಣ್ಣದ ಊರೊಂದು ಬರುತ್ತದಲ್ಲ, ಅದಕ್ಕೆ ಮೆಕ್ಸಿಕೊದ ಗ್ವಾನಾಹ್ವಾತೊ ಎಂಬ ನಿಜವಾದ ನಗರವೇ ಸ್ಫೂರ್ತಿಯಂತೆ. ಸಿನಿಮಾ ಮುಗಿದ ಮೇಲೆ ಆ ಊರಿನ ವಿಡಿಯೊ ಹುಡುಕಿದೆವು. ಒಂದು ಕಾಲದಲ್ಲಿ ಬೆಳ್ಳಿ ಗಣಿಗಳಿಂದ ಶ್ರೀಮಂತವಾದ ಬೆಟ್ಟದೂರು ಅದು. 1988ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದೆ. ಸಂಜೆಯಾದರೆ ಕಪ್ಪು ನಿಲುವಂಗಿ ತೊಟ್ಟು, ಗಿಟಾರ್, ಮ್ಯಾಂಡೊಲಿನ್ ಹಿಡಿದ ಹುಡುಗರ ತಂಡ ಚರ್ಚಿನ ಮುಂದೆ ನಿಲ್ಲುತ್ತದೆ. ಪ್ರವಾಸಿಗರೆಲ್ಲ ಅವರ ಹಿಂದೆ. ಹಾಡುತ್ತ, ಜೋಕು ಹೇಳುತ್ತ ಗಲ್ಲಿಗಲ್ಲಿ ಸುತ್ತಿಸುತ್ತಾರೆ. 'ಮುತ್ತಿನ ಗಲ್ಲಿ' ಎಂಬ ಇಕ್ಕಟ್ಟಿನ ಓಣಿಯಲ್ಲಿ ನಿಲ್ಲಿಸಿ, ಎದುರುಬದುರಿನ ಎರಡು ಬಾಲ್ಕನಿಗಳಿಂದ ಮುತ್ತು ಕೊಟ್ಟುಕೊಳ್ಳುತ್ತಿದ್ದ ಪ್ರೇಮಿಗಳ ದುರಂತ ಕತೆ ಹೇಳುತ್ತಾರೆ. ವಿದ್ಯಾರ್ಥಿಗಳ ಸಂಗೀತ ತಂಡಗಳಿಂದ ಬಂದ ಸಂಪ್ರದಾಯವಂತೆ ಇದು. ನಾವು ಸಂಜೆ ಹೊತ್ತು ಕ್ಯಾಂಟೀನ್ ಮುಂದೆ ನಿಂತು ಏನು ಮಾಡುತ್ತೇವೆ ಅಂತ ಹೇಳುವುದು ಬೇಡ.

"ಹಿಂಗ ಕತ್ತಲಾಗೋ ಹೊತ್ತಿಗೆ ಸುತ್ತಿಸೋ ಹಳೇ ಊರು ನಿಮ್ಮ ಕಡೆ ಒಂದೂ ಇಲ್ಲೇನು?" ಎಂದ ರೂಮ್‌ಮೇಟ್. ಮಾನ ಉಳಿಸಿಕೊಳ್ಳಲು ನನ್ನ ಬಾಯಿಂದ ಬಂತು: "ಇದೆ. ಬಾರಕೂರು."

ಹೇಳಿದ್ದೇನೋ ಹೌದು. ಬಾರಕೂರು ನಮ್ಮ ಮನೆಯಿಂದ ಹತ್ತು ಹದಿನೈದು ಕಿಲೋಮೀಟರ್. ಆದರೆ ಅದರ ಬಗ್ಗೆ ನನಗೆ ಗೊತ್ತಿದ್ದದ್ದು 'ಅಲ್ಲಿ 365 ದೇವಸ್ಥಾನ ಇದ್ದವಂತೆ' ಅನ್ನುವುದು ಮಾತ್ರ. 2019ರಲ್ಲಿ ಅಲ್ಲಿ ಆಳುಪೋತ್ಸವ ನಡೆದಾಗ ಮನೆಯವರ ಜೊತೆ ಹೋಗಿದ್ದೆ. ಅದರಲ್ಲಿ ಈಗ ನೆನಪಿರುವುದು ಚುರುಮುರಿ ಅಂಗಡಿ.

ಸೆಮಿಸ್ಟರ್ ರಜೆಗೆ ಅವನೂ, ಬೆಂಗಳೂರಿನ ಇನ್ನೊಬ್ಬ ಗೆಳೆಯನೂ ಬ್ಯಾಗು ಹಾಕಿಕೊಂಡು ನಮ್ಮ ಮನೆಗೆ ಬಂದೇಬಿಟ್ಟರು. ನಾನು ಅಜ್ಜಯ್ಯನ ಮೊರೆಹೋದೆ.

ಅಜ್ಜಯ್ಯ ನಿವೃತ್ತ ಪ್ರಾಥಮಿಕ ಶಾಲೆ ಮಾಸ್ತರರು. ವಯಸ್ಸು ಎಂಬತ್ತರ ಹತ್ತಿರ. ಸಣ್ಣವರಿದ್ದಾಗ ಬಾರಕೂರಿನ ಸೋದರಮಾವನ ಮನೆಯಲ್ಲಿದ್ದು ಓದಿದವರು. "ಬಾರಕೂರ್ ಕಾಂಬುಕಾ? ನಿನ್ನ ದೋಸ್ತಿಗಳಿಗಾ, ನಿಂಗಾ?" ಎಂದು ಕೇಳಿದರು. ಇಬ್ಬರಿಗೂ ಅಂದೆ. ಇಪ್ಪತ್ತು ವರ್ಷದಲ್ಲಿ ಮೊದಲ ಸಲ ಮೊಮ್ಮಗ ಇದನ್ನು ಕೇಳಿದ್ದಕ್ಕೋ ಏನೋ, ಮಧ್ಯಾಹ್ನದ ನಿದ್ದೆ ಬಿಟ್ಟು ಮೂರೂವರೆಗೇ ಪಂಚೆ ಉಟ್ಟು, ಟಾರ್ಚ್ ಹಿಡಿದು ಜಗಲಿಯಲ್ಲಿ ಕುಳಿತಿದ್ದರು. ಪಕ್ಕದ ಮನೆಯವರ ರಿಕ್ಷಾದಲ್ಲಿ ಹೊರಟೆವು. ಸಾಲಿಗ್ರಾಮ, ಸಾಸ್ತಾನ, ಮಾಬುಕಳ ಸೇತುವೆ, ಬ್ರಹ್ಮಾವರ ದಾಟಿ ಬಾರಕೂರು.

ನಿಮಗೆ ಬಾರಕೂರು ಗೊತ್ತಿಲ್ಲದಿದ್ದರೆ ಹೇಳುತ್ತೇನೆ, ಅಲ್ಲಿ ಬಸ್ಸಿಂದ ಇಳಿದವರಿಗೆ ಇದೊಂದು ರಾಜಧಾನಿಯಾಗಿತ್ತು ಅಂತ ಅನ್ನಿಸುವುದೇ ಇಲ್ಲ. ತೆಂಗಿನ ತೋಟ, ಗದ್ದೆ, ಹಂಚಿನ ಮನೆ, ಮಧ್ಯೆ ಮಧ್ಯೆ ದೇವಸ್ಥಾನ. ತುಳುನಾಡನ್ನು ಶತಮಾನಗಳ ಕಾಲ ಆಳಿದ ಆಳುಪರಿಗೆ ಇದು ರಾಜಧಾನಿ. ಶಾಸನಗಳಲ್ಲಿ ಬಾರಕನ್ಯಾಪುರ ಎಂಬ ಹೆಸರಿದೆ. ವಿಜಯನಗರದ ಕಾಲದಲ್ಲಿ ಕರಾವಳಿಯನ್ನು ಎರಡು ರಾಜ್ಯ ಮಾಡಿದ್ದರು: ಒಂದು ಮಂಗಳೂರು, ಇನ್ನೊಂದು ಬಾರಕೂರು. ಊರಿನ ಹೆಸರಲ್ಲೇ ನಾಣ್ಯ ಇತ್ತು, ಬಾರಕೂರು ಗದ್ಯಾಣ. ಊರಿಗೆ ಹತ್ತು ಕೇರಿ ಎಂದು ಲೆಕ್ಕ. ಕೋಟೆಕೇರಿ, ಮೂಡುಕೇರಿ, ಚೌಳಿಕೇರಿ, ಮಣಿಗಾರಕೇರಿ, ಭಂಡಾರಕೇರಿ... ಈಗಲೂ ಜನ ವಿಳಾಸ ಹೇಳುವುದು ಈ ಹೆಸರುಗಳಲ್ಲೇ.

ಮೊದಲು ಕತ್ತಲೆ ಬಸದಿಗೆ ಹೋದೆವು. ಕಲ್ಲಿನ ಪುಟ್ಟ ಪುಟ್ಟ ಗುಡಿಗಳ ಗುಂಪು. ಒಳಗೆ ಮೂರ್ತಿ ಇಲ್ಲ. ಹೊರಗೆ ಬಿಸಿಲಿದ್ದರೂ ಒಳಗೆ ಹೆಸರಿಗೆ ತಕ್ಕ ಕತ್ತಲೆ. ಅಜ್ಜಯ್ಯ ನನ್ನನ್ನು ನಿಲ್ಲಿಸಿ, "ನೀನ್ ಸಿವಿಲ್ ಇಂಜಿನಿಯರಿಂಗ್ ಅಲ್ದಾ? ಮಾಡು ಕಾಣ್. ಎಂತಕ್ಕೆ ಇಳಿಜಾರು?" ಎಂದರು. ನೋಡಿದೆ. ಹಂಚು ಹಾಕಿದ ಹಾಗೆ ದೊಡ್ಡ ದೊಡ್ಡ ಕಲ್ಲುಚಪ್ಪಡಿಗಳನ್ನು ಇಳಿಜಾರಾಗಿ ಹೊದಿಸಿದ್ದಾರೆ. ವರ್ಷಕ್ಕೆ 4,000 ಮಿಲಿಮೀಟರ್ ಆಸುಪಾಸು ಮಳೆ ಸುರಿಯುವ ಜಿಲ್ಲೆ ನಮ್ಮದು. ಚಪ್ಪಟೆ ಮಾಡು ಮಾಡಿದ್ದರೆ ನೀರು ನಿಂತು ಸೋರುತ್ತಿತ್ತು. ನಮ್ಮೂರ ಮುಳಿಹುಲ್ಲಿನ ಮನೆಯನ್ನೇ ಕಲ್ಲಿನಲ್ಲಿ ಕಟ್ಟಿದ ಹಾಗಿದೆ. ಪರೀಕ್ಷೆಯಲ್ಲಿ ಇಳಿಜಾರು ಚಾವಣಿಯ ಬಗ್ಗೆ ಎರಡು ಪುಟ ಬರೆದವನು ನಾನು. ನಮ್ಮ ಮನೆಯಿಂದ ಅರ್ಧ ಗಂಟೆ ದೂರದ ಈ ಉದಾಹರಣೆ ಅದರಲ್ಲಿರಲಿಲ್ಲ.

ಅಲ್ಲಿಂದ ಕೋಟೆಕೇರಿಯ ಪಂಚಲಿಂಗೇಶ್ವರ ದೇವಸ್ಥಾನ. ಅಂಗಳದಲ್ಲಿ ಶಾಸನದ ಕಲ್ಲುಗಳು. ಅಜ್ಜಯ್ಯ ಒಂದರ ಮುಂದೆ ಕುಕ್ಕರಗಾಲಲ್ಲಿ ಕುಳಿತು, ಟಾರ್ಚನ್ನು ಎದುರಿನಿಂದ ಬಿಡದೆ ಪಕ್ಕದಿಂದ ಓರೆಯಾಗಿ ಬಿಟ್ಟರು. ಅಲ್ಲಿಯವರೆಗೆ ಬರೀ ಕಲ್ಲಾಗಿದ್ದದ್ದರಲ್ಲಿ ಅಕ್ಷರಗಳು ಎದ್ದು ನಿಂತವು! ನಮ್ಮ ಮೂವರ ಮೊಬೈಲ್ ಫ್ಲ್ಯಾಶಿಗೂ ಕಾಣದ್ದು ಅಜ್ಜಯ್ಯನ ಹಳೇ ಟಾರ್ಚಿಗೆ ಕಂಡಿತು. ಸಂಜೆ ಹೊತ್ತಿಗೇ ಏಕೆ ಬರಬೇಕು ಅನ್ನುವುದು ಆಗ ತಿಳಿಯಿತು. ನೆತ್ತಿಯ ಮೇಲಿನ ಬಿಸಿಲಿನಲ್ಲಿ ಈ ಅಕ್ಷರಗಳಿಗೆ ನೆರಳೇ ಬೀಳುವುದಿಲ್ಲ.

ಅಜ್ಜಯ್ಯನ ಮಾತಿನ ಒಂದು ರೀತಿ ಅಲ್ಲೇ ನನ್ನ ಗಮನಕ್ಕೆ ಬಂತು. ಕೆಲವನ್ನು ನೇರವಾಗಿ ಹೇಳುತ್ತಿದ್ದರು. ಉದಾಹರಣೆಗೆ ಇಬ್ನ್ ಬತೂತನ ವಿಷಯ. ಮೊರಾಕ್ಕೊದ ಆ ಪ್ರವಾಸಿ 1342ರ ಆಸುಪಾಸಿನಲ್ಲಿ ಈ ಕರಾವಳಿಯಲ್ಲಿ ಹಡಗಿನಲ್ಲಿ ಹೋದ. ಅವನು ಬರೆದ 'ಫಾಕನೂರು' ನಮ್ಮ ಬಾರಕೂರೇ ಎಂದು ವಿದ್ವಾಂಸರು ಗುರುತಿಸಿದ್ದಾರೆ. ಇಲ್ಲಿಯಂಥ ಕಬ್ಬು ಸುತ್ತಲಿನ ಸೀಮೆಯಲ್ಲಿ ಬೇರೆಲ್ಲೂ ಇಲ್ಲ ಎಂದು ಬರೆದಿದ್ದಾನೆ. ಇಲ್ಲಿನ ಅರಸನ ಹತ್ತಿರ ಮೂವತ್ತು ಯುದ್ಧನೌಕೆಗಳಿದ್ದವು, ದಾರಿಯಲ್ಲಿ ಹೋಗುವ ಹಡಗುಗಳು ಇಲ್ಲಿ ಲಂಗರು ಹಾಕಿ ಕಾಣಿಕೆ ಕೊಟ್ಟೇ ಮುಂದೆ ಹೋಗಬೇಕಿತ್ತು ಎಂದೂ ಬರೆದಿದ್ದಾನೆ. "ಅಂದ್ರ ಆಗಿನ ಟೋಲ್ ಗೇಟು" ಎಂದ ವಿಜಯಪುರದವನು. ಅಜ್ಜಯ್ಯನಿಗೆ ನಗು ತಡೆಯಲಾಗಲಿಲ್ಲ. ಕಬ್ಬಿನ ಮಾತಿಗೆ ನನಗೆ ನೆನಪಾದದ್ದು ಬ್ರಹ್ಮಾವರದ ಸಹಕಾರಿ ಸಕ್ಕರೆ ಕಾರ್ಖಾನೆ. ಅದು ಬಾಗಿಲು ಹಾಕಿ ಎಷ್ಟೋ ವರ್ಷಗಳಾದವು.

ಇನ್ನು ಕೆಲವನ್ನು ಹೇಳುವಾಗ ಅಜ್ಜಯ್ಯ ಪ್ರತಿ ವಾಕ್ಯಕ್ಕೂ ಬಾಲ ಸೇರಿಸುತ್ತಿದ್ದರು: 'ಅಂಬ್ರ್'. ಕುಂದಾಪುರ ಕನ್ನಡದಲ್ಲಿ 'ಎನ್ನುತ್ತಾರೆ' ಅಂತ ಅರ್ಥ. ಅರಸ ದಿನಕ್ಕೊಂದು ದೇವಸ್ಥಾನಕ್ಕೆ ಹೋಗಲಿ ಎಂದು 365 ಕಟ್ಟಿಸಿದ್ದು, ಅಂಬ್ರ್. ಭೂತಾಳ ಪಾಂಡ್ಯನ ಕತೆಯೂ ಹಾಗೇ. ರಾಜ ಹೊಸ ಹಡಗುಗಳನ್ನು ನೀರಿಗಿಳಿಸುವಾಗ ಕುಂಡೋದರನೆಂಬ ಭೂತ ನರಬಲಿ ಕೇಳಿತು, ಅಂಬ್ರ್. ರಾಣಿ ತನ್ನ ಮಗನನ್ನು ಕೊಡಲು ಒಪ್ಪಲಿಲ್ಲ. ರಾಜನ ತಂಗಿ ತನ್ನ ಮಗನನ್ನೇ ತಂದು ನಿಲ್ಲಿಸಿದಳು. ಭೂತ ಮೆಚ್ಚಿ ಅವನನ್ನು ಬಿಟ್ಟಿತು. ಆ ಅಳಿಯನೇ ಮುಂದೆ ಭೂತಾಳ ಪಾಂಡ್ಯನಾಗಿ, ಆಸ್ತಿ ಮಗನಿಗಲ್ಲ, ಸೋದರಳಿಯನಿಗೆ ಎಂಬ ಅಳಿಯಸಂತಾನ ಕಟ್ಟಳೆ ಮಾಡಿದ, ಅಂಬ್ರ್. ಕತ್ತಲು ಕವಿಯುವ ಹೊತ್ತಿಗೆ ಕೇಳಿದರೆ ಮೈ ಜುಂ ಅನ್ನುವ ಕತೆ. ಮುಗಿಸಿ ಅಜ್ಜಯ್ಯ ಹೇಳಿದರು, "ಇದ್ ಬಾಯಿಂದ ಬಾಯಿಗೆ ಬಂದದ್ದ್ ಮಕ್ಳೆ. ಆದ್ರೆ ಅಳಿಯಸಂತಾನ ಮಾತ್ರ ಸುಳ್ಳಲ್ಲ. ನಮ್ಮ ಜಿಲ್ಲೆ ಮದ್ರಾಸಿಗೆ ಸೇರಿದ್ದಾಗ, 1949ರಲ್ಲಿ, ಅದಕ್ಕೇ ಅಂತ ಒಂದ್ ಕಾಯ್ದೆ ಇತ್ತ್."

ಆರು ಗಂಟೆ ದಾಟುವಷ್ಟರಲ್ಲಿ ಅಜ್ಜಯ್ಯನ ಮೊಣಕಾಲು ಕೈಕೊಟ್ಟಿತು. ರಸ್ತೆ ಬದಿಯ ಅಂಗಡಿಯ ಬೆಂಚಿನಲ್ಲಿ ಕುಳಿತು ಸೋಡಾ ತರಿಸಿಕೊಂಡು, ಟಾರ್ಚನ್ನು ನನ್ನ ಕೈಗಿತ್ತರು. "ಮುಂದಿನದ್ದ್ ನೀನ್ ತೋರ್ಸ್. ಇಲ್ಲೇ ಕೂಕಂತೆ."

ತೋರಿಸಲು ನನಗೇನು ಗೊತ್ತಿತ್ತು? ಆದರೂ ಹೊರಟೆ. ಮೂಡುಕೇರಿ ಕಡೆಯ ಒಂದು ದಾರಿ ಹಿಡಿದೆ. ಸೂರ್ಯ ಮುಳುಗಿತ್ತು. ಯಾವುದೋ ಗುಡಿಯಿಂದ ಗಂಟೆಯ ಸದ್ದು, ಯಾರದೋ ಮನೆಯಿಂದ ಮೀನು ಹುರಿಯುವ ವಾಸನೆ. ಗೆಳೆಯರಿಬ್ಬರೂ ಪ್ರತಿ ಕಲ್ಲಿಗೂ "ಇದೇನು?" ಅನ್ನುತ್ತಿದ್ದರು. ಎರಡು ಸಲ "ಹಳೇ ಕಲ್ಲು" ಅಂದೆ. ಮೂರನೇ ಸಲ ಹಾಗೆನ್ನಲು ನಾಚಿಕೆಯಾಯಿತು. ಎದುರಿಗೆ ಪಾಚಿಗಟ್ಟಿದ, ಮುರಕಲ್ಲಿನ ಮೆಟ್ಟಿಲಿನ ಹಳೇ ಕೆರೆ. ನೀರಿನ ಅಂಚಿನಲ್ಲಿ ಒಂದು ಕಪ್ಪು ಪೊಟರೆ. ನನ್ನ ಬಾಯಿ ತಾನಾಗಿಯೇ ತೆರೆಯಿತು: "ಇಲ್ಲಿಂದ ಒಂದು ಸುರಂಗ ಇದೆ. ಸೀದಾ ನಮ್ಮ ಕೋಟಕ್ಕೆ ಹೋಗುತ್ತದೆ. ಶತ್ರುಗಳು ಬಂದಾಗ ರಾಣಿ ಅದರಲ್ಲೇ ಪಾರಾದಳು."

"ಖರೇನ?" ಎಂದ ವಿಜಯಪುರದವನು, ಕಣ್ಣರಳಿಸಿ.

"ಖರೇ."

ಎಷ್ಟು ಸಲೀಸಾಗಿ ಹೇಳಿದೆ ಗೊತ್ತಾ! ಪ್ಲೇಸ್‌ಮೆಂಟ್ ತರಬೇತಿಯಲ್ಲಿ ನಾವು ಅಭ್ಯಾಸ ಮಾಡುವುದೂ ಇದನ್ನೇ ತಾನೇ? ಗ್ರೂಪ್ ಡಿಸ್ಕಷನ್‌ನಲ್ಲಿ ವಿಷಯ ಗೊತ್ತಿಲ್ಲದಿದ್ದರೂ ಧ್ವನಿ ತಗ್ಗಿಸಬಾರದು, ತಡವರಿಸಬಾರದು. ಬೆಂಗಳೂರಿನವನು ಆಗಲೇ ವಿಡಿಯೊ ಮಾಡುತ್ತಿದ್ದ. ನಾನು ಟಾರ್ಚನ್ನು ಆ ಪೊಟರೆಯ ಮೇಲೆ ಬಿಟ್ಟು, ಇನ್ನೂ ಸ್ವಲ್ಪ ದನಿ ಏರಿಸಿ, ರಾಣಿಯ ಕೈಯಲ್ಲೊಂದು ದೀಪವನ್ನೂ ಕೊಟ್ಟೆ.

ಅವತ್ತಿನ ಮಟ್ಟಿಗೆ ನಮ್ಮ ಪ್ರವಾಸ ಸೂಪರ್ ಹಿಟ್. ಹಾಸ್ಟೆಲ್‌ಗೆ ಹೋದ ಮೇಲೆ ರೂಮ್‌ಮೇಟ್ ನಾಲ್ಕು ಜನರಿಗೆ ಬಾರಕೂರಿನ ವರ್ಣನೆ ಮಾಡಿದ. ಕಲ್ಲಿನ ಮಾಡು ಬಿಟ್ಟ, ಇಬ್ನ್ ಬತೂತನನ್ನು ಬಿಟ್ಟ, ಹೇಳಿದ್ದು ಸುರಂಗವನ್ನು.

ವಾರದೊಳಗೆ ಬೆಂಗಳೂರಿನ ಗೆಳೆಯ ರೀಲ್ಸ್ ಹಾಕಿದ. ಹಿನ್ನೆಲೆಯಲ್ಲಿ ಭಯಾನಕ ಸಂಗೀತ, ಕೆಂಪಕ್ಷರದಲ್ಲಿ 'ಬಾರಕೂರಿನ ರಹಸ್ಯ ಸುರಂಗ'. ಆರು ಸಾವಿರ ಜನ ನೋಡಿದರು. ನನಗೆ ಮೊದಲು ಹೆಮ್ಮೆಯೇ ಆಯಿತು ಅನ್ನುವುದನ್ನು ಒಪ್ಪಿಕೊಳ್ಳುತ್ತೇನೆ. ಕಮೆಂಟುಗಳನ್ನು ಓದಿದಾಗ ಹೊಟ್ಟೆಯಲ್ಲಿ ತಣ್ಣಗಾಯಿತು. ಒಬ್ಬರು ಬರೆದಿದ್ದರು: 'ಹೌದು, ನಮ್ಮ ಅಮ್ಮಮ್ಮನೂ ಈ ಸುರಂಗದ ವಿಷಯ ಹೇಳುತ್ತಿದ್ದರು.' ಇನ್ನೊಬ್ಬರು: 'ನಮ್ಮ ಮಾವ ಸಣ್ಣವರಿದ್ದಾಗ ಒಳಗೆ ಹೋಗಿ ಬಂದಿದ್ದಾರೆ.' ನಾನು ನಿಂತಲ್ಲೇ ಹುಟ್ಟಿಸಿದ ಸುರಂಗದೊಳಗೆ ಯಾರದೋ ಮಾವ ಹೋಗಿ ಬಂದೂ ಆಗಿತ್ತು!

ಅದು ತಿರುಗಿ ತಿರುಗಿ ನಮ್ಮ ಕುಟುಂಬದ ವಾಟ್ಸ್‌ಆ್ಯಪ್ ಗುಂಪಿಗೂ ಬಂತು. ಚಿಕ್ಕಮ್ಮ ಅಜ್ಜಯ್ಯನಿಗೆ ತೋರಿಸಿದರಂತೆ. ಆ ಭಾನುವಾರ ಫೋನ್ ಮಾಡಿದಾಗ ಅಜ್ಜಯ್ಯ ಬೇರೇನೂ ಕೇಳಲಿಲ್ಲ. "ಸುರಂಗದ ಕತೆ ನಿಂಗ್ ಯಾರ್ ಹೇಳದ್ದ್ ಮಗಾ? ನಾನ್ ಅಲ್ಲೇ ಬೆಳೆದವ, ಕೇಳಲಿಲ್ಲೆ." ಅವರ ದನಿಯಲ್ಲಿ ಸಿಟ್ಟಿರಲಿಲ್ಲ. ತನಗೆ ಗೊತ್ತಿಲ್ಲದ್ದು ಮೊಮ್ಮಗನಿಗೆ ಗೊತ್ತಾಗಿದೆ ಅನ್ನುವ ಕುತೂಹಲ ಇತ್ತು. ಬೈದಿದ್ದರೆ ವಾಸಿಯಿತ್ತು.

"ಯಾರೂ ಹೇಳಲಿಲ್ಲ ಅಜ್ಜಯ್ಯ. ನಾನೇ ಹೇಳಿದ್ದು."

ಸ್ವಲ್ಪ ಹೊತ್ತು ಫೋನಿನಲ್ಲಿ ಏನೂ ಇಲ್ಲ. ನಾನು ಸುಮ್ಮನಿರಲಾರದೆ ಮೆಕ್ಸಿಕೊವನ್ನು ಎಳೆದು ತಂದೆ. ಅಲ್ಲಿಯ ಹುಡುಗರೂ ಕತೆ ಹೇಳುತ್ತಾರೆ, ಬಾಲ್ಕನಿಯ ಪ್ರೇಮಿಗಳನ್ನು ನೋಡಿದವರು ಯಾರಿದ್ದಾರೆ, ನೀವೂ ಭೂತಾಳ ಪಾಂಡ್ಯನ ಕತೆ ಹೇಳಿದಿರಲ್ಲ ಎಂದೆಲ್ಲ ವಾದಿಸಿದೆ. ಅಜ್ಜಯ್ಯ ಪೂರ್ತಿ ಕೇಳಿಸಿಕೊಂಡರು. ಆಮೇಲೆ ಹೇಳಿದರು: "ಅದ್ ಕತೆ ಅಂತ ಅಲ್ಲಿ ಬಂದವ್ರಿಗೆಲ್ಲ ಗೊತ್ತಿತ್ತ್. ನೀನ್ ಅಂಬ್ರ್ ಅಂದಿಯಾ?"

ಅಂದಿರಲಿಲ್ಲ. ಖರೇ ಅಂದಿದ್ದೆ.

ಗೆಳೆಯನಿಗೆ ಫೋನ್ ಮಾಡಿ ರೀಲ್ಸ್ ತೆಗೆಸಿದೆ. "ಆರು ಸಾವಿರ ವ್ಯೂಸ್ ಮಗಾ" ಎಂದು ಗೋಗರೆದ, ಕೊನೆಗೆ ತೆಗೆದ. ರೂಮ್‌ಮೇಟ್‌ಗೆ ಹೇಳುವುದು ಇನ್ನೂ ಕಷ್ಟವಾಯಿತು. ಅವನು ನಗಲಿಲ್ಲ. "ನಾ ಗೋಳಗುಮ್ಮಟದ ಬಗ್ಗೆ ನಿನಗ ಒಂದೂ ಸುಳ್ಳು ಹೇಳಿಲ್ಲಲೇ" ಎಂದು ಆ ಕಡೆ ತಿರುಗಿ ಮಲಗಿದ. ಎರಡು ದಿನ ಸರಿಯಾಗಿ ಮಾತಾಡಲಿಲ್ಲ.

ಮುಂದಿನ ರಜೆಯಲ್ಲಿ ಅಜ್ಜಯ್ಯನ ಹತ್ತಿರ ಒಂದು ನೋಟ್‌ಬುಕ್ ಹಿಡಿದು ಕುಳಿತೆ. ಪುಟದ ಮಧ್ಯೆ ಗೆರೆ ಎಳೆಸಿದರು. ಎಡಕ್ಕೆ 'ಕಲ್ಲು', ಬಲಕ್ಕೆ 'ಬಾಯಿ'. ಶಾಸನ, ನಾಣ್ಯ, ಕಟ್ಟಡ, ಪುಸ್ತಕದಲ್ಲಿ ಇರುವುದೆಲ್ಲ ಎಡಕ್ಕೆ. ಕೇಳಿದ್ದೆಲ್ಲ ಬಲಕ್ಕೆ. ಹೊಯ್ಸಳ ಮೂರನೇ ಬಲ್ಲಾಳನ ರಾಣಿ ಚಿಕ್ಕಾಯಿ ತಾಯಿ ಬಾರಕೂರಿನಿಂದ ಆಳಿದ್ದು ಎಡಕ್ಕೆ. ನಾನು ಸುರಂಗದಲ್ಲಿ ಓಡಿಸಲು ಹೆಸರಿಲ್ಲದ ರಾಣಿಯೊಬ್ಬಳನ್ನು ಹುಟ್ಟಿಸಿದ್ದೆ. ನಿಜವಾಗಿ ಆಳಿದ ರಾಣಿಯೇ ಇದ್ದಳು, ನನಗೆ ಗೊತ್ತಿರಲಿಲ್ಲ. 365 ದೇವಸ್ಥಾನ ಬಲಕ್ಕೆ. ಬರೆಯುತ್ತ ಹೋದಂತೆ ಮೂರನೆಯ ಸಾಲೊಂದನ್ನು ನಾನೇ ಮಾಡಿಕೊಂಡೆ, ಅಜ್ಜಯ್ಯನಿಗೂ ಗೊತ್ತಿಲ್ಲದ ಪ್ರಶ್ನೆಗಳಿಗೆ. ಅದೇ ಎಲ್ಲಕ್ಕಿಂತ ಉದ್ದವಾಗಿದೆ.

ಗೈಡ್ ಕೆಲಸವನ್ನು ಓದಿಕೊಂಡು ಮಾಡುವವರಿಗೆ ಕೇಂದ್ರ ಪ್ರವಾಸೋದ್ಯಮ ಸಚಿವಾಲಯ ಆನ್‌ಲೈನ್ ಕೋರ್ಸನ್ನೇ ನಡೆಸುತ್ತದೆ ಎಂದು ಆಮೇಲೆ ತಿಳಿಯಿತು. ಆಸಕ್ತಿ ಇರುವವರು ನೋಡಬಹುದು. ನಾನಿನ್ನೂ ಸೇರಿಲ್ಲ, ಬ್ಯಾಕ್‌ಲಾಗ್ ಒಂದಿದೆ.

ಕಳೆದ ತಿಂಗಳು ಅಕ್ಕಪಕ್ಕದ ಮನೆಯ ಏಳೆಂಟು ಮಕ್ಕಳನ್ನು ಬಾರಕೂರಿಗೆ ಕರೆದುಕೊಂಡು ಹೋದೆ. ಅಜ್ಜಯ್ಯ ಬರಲಿಲ್ಲ, ಟಾರ್ಚ್ ಕಳಿಸಿದರು. ಕತ್ತಲೆ ಬಸದಿಯ ಮಾಡು ತೋರಿಸಿದೆ, ಕಲ್ಲಿನ ಮೇಲೆ ಓರೆ ಬೆಳಕು ಬಿಟ್ಟು ಅಕ್ಷರ ಎಬ್ಬಿಸಿದೆ. ಗೊತ್ತಿಲ್ಲದ ಕಡೆ ಗೊತ್ತಿಲ್ಲ ಅಂದೆ. ಒಂಬತ್ತು ಸಲ ಅಂದಿರಬೇಕು. ಒಬ್ಬಳು ಹುಡುಗಿ "ಹಂಗಾರೆ ನಿಮ್ಗೆ ಎಂತ ಗೊತ್ತಿತ್ತ್?" ಎಂದು ಕೇಳಿಯೂ ಬಿಟ್ಟಳು.

ಆ ಕೆರೆಯ ಹತ್ತಿರ ಬರುವಾಗ ಕತ್ತಲಾಗಿತ್ತು. ಬೇಗ ದಾಟಿಸಿಬಿಡೋಣ ಅಂದುಕೊಂಡಿದ್ದೆ. ಏಳನೇ ಕ್ಲಾಸಿನ ಹುಡುಗನೊಬ್ಬ ನನ್ನ ಅಂಗಿ ಜಗ್ಗಿದ.

"ಅಣ್ಣಾ, ಸುರಂಗ ಇದೇ ಅಲ್ದಾ?"

"ಸುರಂಗ ಇಲ್ಲೆ. ಅದು ನಾನೇ ಹುಟ್ಟಿಸಿದ ಸುಳ್ಳು."

ಅವನು ನನ್ನ ಮುಖ ನೋಡಿದ, ಕೆರೆ ನೋಡಿದ. "ಇಲ್ಲೆ ಅಣ್ಣ, ಇತ್ತ್ ಅಂಬ್ರ್. ನಮ್ಮ ಕ್ಲಾಸಿನವ ಹೇಳಿದ" ಎಂದವನೇ ನನ್ನ ಕೈಯಿಂದ ಟಾರ್ಚ್ ತೆಗೆದುಕೊಂಡು ಮೆಟ್ಟಿಲಿನ ಮೇಲೆ ಬಗ್ಗಿ ನಿಂತ.